ದೇವಕ್ಕ ಕೂಗಿದರೆ ಮಾತ್ರ ನಾಳೆ

ಇವತ್ತು ಬೆಳಿಗ್ಗೆ ಗೇಟಿನೆದುರು ಮೀನಿನ ಬೈಕು ಹಾರ್ನು ಹೊಡೆಯಿತು. ಹಳೆಯ ಸಿಟ್ಟು ನೆತ್ತಿಗೇರಿತು.

ನಾವು ಚಿಕ್ಕವರಿದ್ದಾಗ ಭಾವಿಕೇರಿಯ ಮನೆಯ ಪೇರಲೆ ಮರದಡಿ ಅಕ್ಕ ಆಟಕ್ಕೆ ಒಂದು ರಾಜ್ಯ ಕಟ್ಟಿದ್ದಳು. ಅದಕ್ಕೆ ಬೇರೆಯೇ ಪಂಚಾಂಗ. ಮೀನು ಮಾರುವ ದೇವಕ್ಕ ಬುಟ್ಟಿ ಹೊತ್ತು ಬಂದು ಕೂಗಿದರೆ ಹೊಸ ದಿನ, ಕೂಗದಿದ್ದರೆ ಇಲ್ಲ. ಬುಟ್ಟಿಯಲ್ಲಿ ಬಂಗಡೆ ಹೆಚ್ಚಿದ್ದರೆ ಬಂಗಡೆ ಮಾಸ, ತಾರ್ಲೆ ಹೆಚ್ಚಿದ್ದರೆ ತಾರ್ಲೆ ಮಾಸ. ರಾಣಿ ಯಾವಾಗಲೂ ಅವಳೇ. ನಾನು ಅತ್ತು ಕರೆದು ರಂಪ ಮಾಡಿದ ಮೇಲೆ "ನಾಳಿಂದ ನೀ ರಾಜ" ಎಂದಳು. ಅಷ್ಟರಲ್ಲಿ ಮಳೆಗಾಲ ಹಿಡಿಯಿತು. ದೋಣಿಗಳು ದಡ ಸೇರಿದವು, ದೇವಕ್ಕ ಬರುವುದು ನಿಂತಿತು.

ದಿನಾ ಬೆಳಗಾದರೆ ನಾನು ಕಿರೀಟ ಕೇಳುವುದು, ಅವಳದ್ದು ಒಂದೇ ಉತ್ತರ: "ದೇವಕ್ಕ ಬಂದ್ಳೇನಾ? ಇಲ್ಲಲ್ಲ. ಹಂಗಾರೆ ಇನ್ನೂ ಇವತ್ತೇ."

ಅಮ್ಮ ಒಲೆಯಲ್ಲಿ ಸುಡುತ್ತಿದ್ದ ಒಣಮೀನು ತೋರಿಸಿ, "ಇದು ಮೀನಲ್ವನೇ?" ಎಂದೆ.

"ಒಣಮೀನಿಗೆ ದಿನ ಬದಲಾಗೂದಿಲ್ಲ ಮಾರಾಯಾ."

ಮಳೆ ಮುಗಿಯಿತು. ಬಂದದ್ದು ದೇವಕ್ಕನಲ್ಲ, ಬೈಕಿನ ಮೇಲೆ ಅವಳ ಮಗ. ಅಮ್ಮನಿಗೆ ಮಂಡಿನೋವು, ಇನ್ನು ವ್ಯಾಪಾರ ತನ್ನದೇ ಎಂದ. ಪುಣ್ಯಾತ್ಮ ಬಾಯಿಬಿಟ್ಟು ಕೂಗಲೂ ಇಲ್ಲ, ಹಾರ್ನು ಹೊಡೆದ.

"ಹಾರ್ನು ಲೆಕ್ಕಕ್ಕಿಲ್ಲ" ಎಂದು ಅಕ್ಕ ಕಿರೀಟ ತಲೆಗೇರಿಸಿಕೊಂಡಳು.

ಇವತ್ತು ತಡೆಯಲಾರದೆ ಕಾರವಾರದಲ್ಲಿರುವ ಅವಳಿಗೆ ಫೋನು ಮಾಡಿದೆ. ಈಗ ಅವಳಿಗೆ ಮದುವೆಗೆ ಬಂದ ಮಗಳಿದ್ದಾಳೆ.

"ಅಕ್ಕಾ, ಮೀನು ಬಂತು."

"ಯಾರು ಕೂಗಿದ್ರು?"

"ಹಾರ್ನು."

"ಹಂಗಾರೆ ಇನ್ನೂ ಇವತ್ತೇ" ಎಂದು ಫೋನಿಟ್ಟಳು.