ಬದುವಿನ ಆಚೆಗೆ ಹೋದ ಹುಣಸೆ ಮರ

ಕೆರೆ ಏರಿಯ ಮೇಲೆ ಸ್ಟೂಲು ಹಾಕಿಕೊಂಡು ಕೂತು ಇನ್ನೂ ಆಕಾಶದ ಬಣ್ಣ ಬಳಿದಿರಲಿಲ್ಲ, ಬೈಕಿನಲ್ಲಿ ಹೋಗುತ್ತಿದ್ದ ಇಬ್ಬರು ನಿಲ್ಲಿಸಿದರು. ಹಿಂದೆ ಕೂತವನು ತಮಿಳಿನಲ್ಲಿ, ಯಾವ ಕಂಪನಿ ಮೇಡಂ ಎಂದು ಕೇಳಿದ. ಯಾವ ಕಂಪನಿಯೂ ಅಲ್ಲ, ಸುಮ್ಮನೆ ಚಿತ್ರ ಬರೆಯುತ್ತಿದ್ದೇನೆ ಎಂದು ಕನ್ನಡದಲ್ಲೇ ಹೇಳಿದೆ. ಮುಂದಿದ್ದವನು ನನ್ನನ್ನೂ ನನ್ನ ಹಲಗೆಯನ್ನೂ ಮೇಲಿಂದ ಕೆಳಗೆ ನೋಡಿ, "ಚಿತ್ರ ಬರ್ಯಾಕೆ ಈ ಬತ್ತೋದ ಕೆರೇನೇ ಬೇಕಾಗಿತ್ತಾ?" ಎಂದ. ಫೋನಿನಲ್ಲಿ ನನ್ನ ಫೋಟೊ ತೆಗೆದುಕೊಂಡು ಹೋದ.

ಸಂಜೆ ತಮ್ಮ ನಗುತ್ತ ಮನೆಗೆ ಬಂದ. "ಅಕ್ಕ, ನೀನು ಸರ್ವೆಗೆ ಬಂದಿದ್ದೀಯ ಅಂತ ಊರೆಲ್ಲ ಮಾತಾಡ್ಕೊಂತಾವ್ರೆ. ಫಾರಿನ್ ಕಂಪನಿ ಫ್ಯಾಕ್ಟರಿ ಹಾಕ್ತದಂತೆ, ಜಾಗ ನೋಡಾಕೆ ಮೊದ್ಲು ನಿನ್ನ ಕಳ್ಸವ್ರಂತೆ."

ನಾನು ನಗಲಿಲ್ಲ. ಹೊಸೂರಿನ ಕಡೆಯಿಂದ ಕಾರ್ಖಾನೆಗಳು ತಮಿಳುನಾಡಿನ ಗಡಿಯೊಳಗಿನ ನಮ್ಮ ಊರು ಬೇರಿಕೆಯ ಕಡೆಗೆ ಹೊಲ ಹೊಲವಾಗಿ ಸರಿದು ಬರುತ್ತಿವೆ. ಇಲ್ಲಿ ಯಾರಾದರೂ ಒಂದು ಜಾಗವನ್ನು ತುಂಬ ಹೊತ್ತು ನೋಡುತ್ತ ನಿಂತರೆ ಅಳತೆಗೆ ಬಂದವರು ಎಂದೇ ಜನ ತಿಳಿಯುತ್ತಾರೆ. ನಾನಿರುವ ಐರ್ಲೆಂಡಿನಲ್ಲೂ ನನಗೆ ಇದೇ ಆಗಿತ್ತು. ಕುರಿ ಸಾಕುವ ಮುದುಕನೊಬ್ಬ ಬೇಲಿಯ ಆಚೆಯಿಂದ, ನೀನು ಸರ್ಕಾರದ ಕಡೆಯವಳಾ ಎಂದು ಕೇಳಿದ್ದ. ಅಲ್ಲ ಎಂದು ಚಿತ್ರ ತೋರಿಸಿದ ಮೇಲೂ ನಾನು ಎದ್ದು ಹೋಗುವವರೆಗೆ ಅಲ್ಲೇ ನಿಂತಿದ್ದ.

ನಾನು ಆ ದೇಶಕ್ಕೆ ಹೋಗಿದ್ದು ನರ್ಸ್ ಕೆಲಸಕ್ಕೆ. ಸಮುದ್ರದ ದಂಡೆಯ ಚಿಕ್ಕ ಊರು. ವರ್ಷದ ಮುಕ್ಕಾಲು ಪಾಲು ಮಳೆ, ಮೋಡ. ಊರಿನ ಗ್ರಂಥಾಲಯದಲ್ಲಿ ಶನಿವಾರ ಜಲವರ್ಣ ಕಲಿಸುತ್ತಿದ್ದರು. ಒಬ್ಬಳೇ ಕೂತು ಊರಿನ ನೆನಪಿನಲ್ಲಿ ಅಳುವುದಕ್ಕಿಂತ ಇದು ವಾಸಿ ಎಂದು ಸೇರಿಕೊಂಡೆ. ಮೊದಲು ಆಸ್ಪತ್ರೆಯ ಗೆಳತಿಯರಿಗೆ ಶುಭಾಶಯದ ಕಾರ್ಡು ಬರೆದುಕೊಡುತ್ತಿದ್ದೆ. ಆಮೇಲೆ ಒಂದು ಅಂಗಡಿಯವರು ಪ್ರವಾಸಿಗರಿಗೆ ಮಾರಲು ನನ್ನ ಬೆಟ್ಟ, ಕಡಲು, ಕಲ್ಲುಗೋಡೆಗಳನ್ನು ಇಟ್ಟುಕೊಂಡರು. ವಾರ್ಡಿನಲ್ಲಿ ನಿಂತು ನಿಂತು ಮಂಡಿ ಸೋತಾಗ ನರ್ಸ್ ಕೆಲಸ ಬಿಟ್ಟು ಇದನ್ನೇ ಹಿಡಿದೆ. ಚಳಿಗಾಲದಲ್ಲಿ ಅಲ್ಲಿ ಬೆಳಕೇ ಇರುವುದಿಲ್ಲ. ಆಗ ಇಲ್ಲಿ ತಮ್ಮನ ಮನೆಗೆ ಬಂದು, ಹುಣಸೆ ಕಾಯಿ ಬಡಿಯುವ ಕಾಲ ಮುಗಿಯುವತನಕ ಇರುತ್ತೇನೆ.

ಅಲ್ಲಿ ಒಂದು ಪದರ ಬಳಿದರೆ ಒಣಗುವುದಕ್ಕೆ ಚಹಾ ಕುಡಿದು ಬರಬೇಕು. ಇಲ್ಲಿ ಕುಂಚ ಎತ್ತುವಷ್ಟರಲ್ಲಿ ಬಣ್ಣ ಕಾಗದಕ್ಕೆ ಕಚ್ಚಿ ಅಂಚು ಕಟ್ಟುತ್ತದೆ. ಹಾಗಾಗಿ ಬಿಸಿಲೇರುವ ಮುಂಚೆ, ಇಬ್ಬನಿ ಇರುವಾಗಲೇ ಕೂರುತ್ತಿದ್ದೆ. ಆ ವಾರ ನಾನು ಬರೆದದ್ದು ಏರಿಯ ಕೆಳಗಿನ ಎರಡು ಹೊಲ, ನಡುವೆ ಒಂದು ಬದು, ಒಂದು ದೊಡ್ಡ ಹುಣಸೆ ಮರ, ಹಿಂದೆ ಬಂಡೆಯ ಗುಡ್ಡ. ಎಲ್ಲ ಚಿತ್ರಕಾರರ ಹಾಗೆ ನಾನೂ ಕಂಡದ್ದನ್ನೆಲ್ಲ ಬರೆಯುವುದಿಲ್ಲ. ಗುಡ್ಡದ ಮುಂದಿದ್ದ ದೊಡ್ಡ ಕರೆಂಟ್ ಟವರನ್ನು ಬಿಟ್ಟೆ. ಅಂಚಿನಲ್ಲಿ ಕಾಣುವ ಬತ್ತಿದ ಕೆರೆಯಲ್ಲಿ ಒಂದಿಷ್ಟು ನೀರು ತುಂಬಿಸಿದೆ. ಬಲಗಡೆ ಎಲ್ಲ ಭಾರವಾಗಿ, ಎಡಗಡೆ ಖಾಲಿ ಕಾಣುತ್ತಿತ್ತು. ಹುಣಸೆ ಮರವನ್ನು ಎತ್ತಿ ಬದುವಿನ ಎಡಕ್ಕೆ ಇಟ್ಟೆ. ಚಿತ್ರಕ್ಕೆ ಉಸಿರು ಬಂತು. ಮನೆಗೆ ಬಂದು ಒಣಗಲು ಕಿಟಕಿಗೆ ಒರಗಿಸಿದೆ.

ಬಲಗಡೆಯ ಹೊಲ ನನ್ನ ಬಾಲ್ಯದ ಗೆಳತಿಯದು. ಒಂದೇ ಬೆಂಚಿನಲ್ಲಿ ಕೂತು ತಮಿಳು ಅಕ್ಷರ ತಿದ್ದಿದವರು ನಾವು. ಅವಳು ಇದೇ ಊರಿಗೆ ಸೊಸೆಯಾದಳು. ಎಡಗಡೆಯದು ಅವಳ ಭಾವನದು, ಗಂಡನ ಅಣ್ಣನದು. ಅವಳ ಗಂಡ ತೀರಿಕೊಂಡ ಮೇಲೆ ಭಾವನಿಗೂ ಅವಳಿಗೂ ಅಷ್ಟಕ್ಕಷ್ಟೆ ಎಂದು ಕೇಳಿದ್ದೆ. ಯಾತಕ್ಕೆ ಎಂದು ಕೇಳಿರಲಿಲ್ಲ.

ಮಾರನೆಯ ದಿನ ಬೆಳಿಗ್ಗೆ ಏರಿಯ ಮೇಲೆ ಕೂತಿದ್ದಾಗ ಆ ಭಾವ ಎಳನೀರು ಕೆತ್ತಿಸಿಕೊಂಡು ಬಂದ. ಹಿಂದೆಂದೂ ನನ್ನ ಜೊತೆ ನಾಲ್ಕು ಮಾತು ಆಡದ ಮನುಷ್ಯ. "ಹೊತ್ತಾರೆಯಿಂದ ಕುಂತಿದ್ದೀಯ, ಕುಡಿಯಮ್ಮ" ಎಂದ. ಕುಡಿದೆ. ಆಮೇಲೆ, "ಆ ಹುಣಸೆ ಮರದ್ದು ಬರ್ದಿದ್ದೀಯಲ್ಲ, ಬಲು ಚೆಂದಾಗೈತೆ. ಅದ್ನ ನಂಗೆ ಕೊಟ್ಬುಡಮ್ಮ, ನಡುಮನೆ ಗೋಡೆಗೆ ಹಾಕ್ಕೊಂತೀನಿ" ಎಂದ. ನನಗೆ ಖುಷಿಯಾಯಿತು. ನಮ್ಮೂರಲ್ಲಿ ನನ್ನ ಚಿತ್ರ ಕೇಳಿದವರಲ್ಲಿ ಅವನೇ ಮೊದಲಿಗ. ನೋಡೋಣ ಅಣ್ಣ ಎಂದೆ. ಅವನು ಹೋದ ಮೇಲೆ ಹೊಳೆಯಿತು: ಆ ಚಿತ್ರವನ್ನು ಮನೆಯಿಂದ ಹೊರಗೆ ತಂದೇ ಇಲ್ಲ. ಚೆಂದ ಇದೆ ಎಂದು ಇವನಿಗೆ ಹೇಗೆ ಗೊತ್ತು?

ಅದಾದ ಮೇಲೆ ಗೆಳತಿ ನಮ್ಮ ಮನೆಯ ಕಡೆ ಬರುವುದು ನಿಂತಿತು. ಬೀದಿಯಲ್ಲಿ ಸಿಕ್ಕಾಗ ಮುಖ ತಿರುಗಿಸಿ ನಡೆದಳು. ಕೊನೆಗೊಂದು ಮಧ್ಯಾಹ್ನ ತಾನಾಗಿ ಬಂದಳು. ಕೂತ್ಕೊ ಎಂದರೂ ಕೂರಲಿಲ್ಲ.

"ಏನು ಕೊಟ್ಟ ಅವ್ನು ನಿಂಗೆ?"

"ಯಾರೆ?"

"ನಮ್ ಭಾವ. ಎಳನೀರು ಕುಡ್ಸಿ ಮರ ಬರೆಸ್ಕೊಂಡವ್ನಲ್ಲ. ಫಾರಿನ್ನಿಂದ ಬಂದೋಳೇ ಬರ್ದವ್ಳೆ, ಮರ ನನ್ ಹೊಲದಾಗೇ ಐತೆ ಅಂತ ಊರ್ ತುಂಬ ಹೇಳ್ಕೊಂಡು ತಿರುಗ್ತಾವ್ನೆ."

ನಾನು ಚಿತ್ರ ತಂದು ಮುಂದಿಟ್ಟೆ. ಅವಳು ಬೆರಳಿಟ್ಟು ತೋರಿಸಿದಳು. "ಇದು ಬದು. ಇದು ನನ್ ಹೊಲ. ಮರ ಎಲ್ಲೈತೆ? ನೀನೇ ಹೇಳು."

"ಆ ಕಡೆ ಇಟ್ರೆ ಚೆಂದ ಕಾಣ್ತದೆ ಅಂತ ಅಂಗೆ ಬರ್ದೆ ಕಣೆ. ಚಿತ್ರದಾಗೆ ಅಂಗೆಲ್ಲ ಮಾಡ್ತೀವಿ."

"ಚೆಂದ ಕಾಣ್ತದೆ ಅಂತ ನನ್ ಮರಾನ ಅವ್ನ್ ಹೊಲದಾಗೆ ನೆಟ್ಬುಟ್ಯಾ?"

ಆಗ ಎಲ್ಲವನ್ನೂ ಹೇಳಿದಳು. ಭಾಗವಾದಾಗ ಮರ ಅವಳ ಗಂಡನ ಪಾಲಿಗೆ ಬಂದಿತ್ತು. ಭಾವ ಉಳುವಾಗಲೆಲ್ಲ ಬದುವನ್ನು ಇಷ್ಟಿಷ್ಟೇ ಕೊರೆಯುತ್ತ ಮರದ ಬುಡದವರೆಗೆ ತಂದಿದ್ದ. ಈ ಸಲ ಕಾಯಿ ತಾನೇ ಬಡಿಸುತ್ತೇನೆ ಎಂದು ಆಳುಗಳಿಗೂ ಹೇಳಿಬಿಟ್ಟಿದ್ದ. ಇದನ್ನು ಹೇಳುವಾಗಲೂ ಅವಳ ಕಣ್ಣು ನನ್ನ ಮುಖದ ಮೇಲೇ ಇತ್ತು, ನಾನು ಎಲ್ಲಿ ಕಣ್ಣು ತಪ್ಪಿಸುತ್ತೇನೆ ಎಂದು ನೋಡುವ ಹಾಗೆ.

ಅವಳು ಹೋದ ಮೇಲೆ ನಾನು ಲೆಕ್ಕ ಹಾಕುತ್ತ ಕೂತೆ. ಚಿತ್ರ ನೋಡಿದ್ದವರು ತಮ್ಮ ಮತ್ತು ಅವನ ಹೆಂಡತಿ ಇಬ್ಬರೇ. ತಮ್ಮ ಕೆಲಸದಿಂದ ಬಂದ ಕೂಡಲೇ ಕೇಳಿದೆ. ಅವನು ಸ್ವಲ್ಪವೂ ಅಳುಕದೆ, "ಅಯ್ಯೋ, ನಾನೇ ವಾಟ್ಸಾಪ್ ಸ್ಟೇಟಸ್ಸಿಗೆ ಹಾಕಿದ್ದೆ ಕಣಕ್ಕ. ನಮ್ಮಕ್ಕ ಬರ್ದಿದ್ದು ಅಂತ. ಯಾಕೆ?" ಎಂದ.

"ಆ ಮರದ ಜಗಳ ನಿಂಗೆ ಗೊತ್ತಿರಲಿಲ್ವಾ?"

"ಜಗಳ ಗೊತ್ತು. ನೀನು ಮರ ಆಚೆಗೆ ಇಟ್ಟಿದ್ದೀಯ ಅಂತ ಯಾರು ನೋಡ್ತಾರೆ?"

ಸರಿ ಎಂದುಕೊಂಡೆ. ಆದರೆ ರಾತ್ರಿ ಊಟಕ್ಕೆ ಬಡಿಸುತ್ತ ತಮ್ಮನ ಹೆಂಡತಿ ಬೇರೆ ಯಾವುದೋ ಮಾತಿಗೆ, ಈ ಸಲ ಇವರು ಹುಣಸೆ ವ್ಯಾಪಾರಕ್ಕೆ ಇಳಿದಿದ್ದಾರೆ, ನನ್ನ ಗೆಳತಿಯ ಭಾವನ ಜೊತೆ ಪಾಲು ಎಂದಳು. ಮುದ್ದೆ ಮುರಿಯುತ್ತಿದ್ದ ತಮ್ಮ ತಲೆ ಎತ್ತಲಿಲ್ಲ. ನಾನು ಅವನನ್ನೇ ನೋಡುತ್ತಿದ್ದೆ. "ಏನಕ್ಕ, ಅಂಗ್ ನೋಡ್ತೀಯ? ನಿನ್ ಮೇಲಾಣೆ, ನಂಗೇನೂ ಗೊತ್ತಿಲ್ಲ" ಎಂದ. ನಾನು ಏನನ್ನೂ ಕೇಳಿರಲೇ ಇಲ್ಲ. ಇವತ್ತಿಗೂ ಅವನ ಮಾತನ್ನು ಮುಕ್ಕಾಲು ಪಾಲು ನಂಬುತ್ತೇನೆ.

ಭಾನುವಾರ ಊರಿನ ಹಿರಿಯರೊಬ್ಬರನ್ನು ಮರದ ಹತ್ತಿರ ಕರೆಸಿದೆ. ಗೆಳತಿ ಬಂದಳು, ಭಾವ ಬಂದ, ಕರೆಯದವರೂ ಸುಮಾರು ಜನ ಬಂದರು. ಚಿತ್ರವನ್ನು ಹಿರಿಯರ ಕೈಗೆ ಕೊಟ್ಟು, "ಅಣ್ಣಯ್ಯ, ಇದ್ರಾಗೆ ಕರೆಂಟ್ ಟವರ್ ಎಲ್ಲೈತೆ ತೋರ್ಸಿ" ಎಂದೆ. ಅವರು ಚಿತ್ರ ನೋಡಿದರು, ಎದುರಿಗೆ ಆಕಾಶದೆತ್ತರ ನಿಂತಿದ್ದ ಟವರ್ ನೋಡಿದರು.

"ಇಲ್ವಲ್ಲಮ್ಮ."

"ಕೆರೆ ನೋಡಿ."

"ನೀರೈತೆ!" ಹಿಂದೆ ನಿಂತಿದ್ದ ಯಾರೋ, "ನೀರಿದ್ದಿದ್ರೆ ನಾವ್ ಬೋರ್ ಯಾಕ್ ಕೊರೆಸ್ತಿದ್ವಿ?" ಎಂದರು. ಜನ ನಕ್ಕರು.

"ಟವರ್ ಕಿತ್ತಾಕಿದೋಳೂ ನಾನೇ, ಕೆರೆ ತುಂಬ್ಸಿದೋಳೂ ನಾನೇ. ಮರ ಆಚೆಗೆ ಎತ್ತಿಟ್ಟೋಳೂ ನಾನೇ. ಇದ್ನ ಹಿಡ್ಕೊಂಡು ಯಾರೂ ಹೊಲ ಅಳೀಬೇಡಿ" ಎಂದೆ.

ಭಾವನ ಮುಖ ಗಂಟಾಯಿತು. "ನಾನೆಲ್ಲಿ ಸಾಕ್ಷಿ ಅಂದೆ? ಚೆಂದಾಗೈತೆ ಅಂದೆ, ಅಷ್ಟೆಯ" ಎಂದ. ಹಿರಿಯರು ಕಾಲಿನಿಂದ ಬದುವಿನ ಮಣ್ಣನ್ನು ತಳ್ಳಿ ನೋಡಿ, "ಕಾಯಿ ಆಯಮ್ಮನೇ ಬಡಿಸ್ಲಿ, ವರ್ಸಾ ವರ್ಸಾ ಬಡಿಸ್ದಂಗೆ. ಬದು ವಿಚಾರ ಸರ್ವೆಯೋರು ಬಂದ್ಮೇಲೆ ನೋಡೋಣ" ಎಂದರು. ಜನ ಚದುರಿದರು.

ಗೆಳತಿಗೆ ಸಮಾಧಾನವಾಯಿತು ಎಂದುಕೊಂಡಿದ್ದೆ. ಆದರೆ ದಾರಿಯಲ್ಲಿ ಅವಳು ಬೇರೇನೋ ಯೋಚಿಸುತ್ತ ಬಂದಳು.

"ನನ್ ಗಂಡ ಹೋದಾಗ ನೀನು ಅಲ್ಲಿಂದ ಒಂದು ಚಿತ್ರ ಕಳ್ಸಿದ್ದೆ. ಕಡ್ಲು, ಒಂದು ಮನೆ, ದೀಪ. ಅದು ನಿನ್ ಮನೆ ಅಂದ್ಕೊಂಡು ದಿನಾ ನೋಡ್ತಿದ್ದೆ. ಅದೂ ಸುಳ್ಳಾ?"

"ಮನೆ ನಿಜ. ಅಷ್ಟು ಹತ್ರ ಕಡ್ಲಿಲ್ಲ."

"ದೀಪ?"

"ದೀಪ ನಿಜ ಕಣೆ." ಅವಳು ನಂಬಿದಳೋ ಇಲ್ಲವೋ ಗೊತ್ತಾಗಲಿಲ್ಲ.

ಎರಡು ದಿನ ಬಿಟ್ಟು ಅವಳೇ ಬಂದು, ಮರ ಇರುವ ಜಾಗದಲ್ಲೇ ಇಟ್ಟು ಒಂದು ಬರೆದುಕೊಡು ಎಂದಳು. ಬೆಳಿಗ್ಗೆ ಏರಿಯ ಮೇಲೆ ನನ್ನ ಪಕ್ಕದಲ್ಲೇ ಚೀಲ ಹಾಸಿಕೊಂಡು ಕೂತಳು. ನಾನು ಪೆನ್ಸಿಲಿನಲ್ಲಿ ಬದು ಎಳೆದರೆ ಬಗ್ಗಿ ನೋಡುವಳು. ಕಾಂಡ ಎಳೆದರೆ ಎದ್ದು ನಿಂತು ಮರವನ್ನೂ ಕಾಗದವನ್ನೂ ತಾಳೆ ಹಾಕಿ ನೋಡುವಳು. ಟವರನ್ನೂ ಬರೆಸಿದಳು, ಅದರ ತಂತಿಗಳನ್ನೂ ಬಿಡಲಿಲ್ಲ. ಕೆರೆಗೆ ಒಣ ಮಣ್ಣಿನ ಬಣ್ಣ ಕಲಸುವಾಗ ಕುಂಚಕ್ಕೆ ಒಂಚೂರು ನೀಲಿ ಹತ್ತಿತು.

"ಏಯ್, ಏನದು?" ಎಂದು ನನ್ನ ಮಣಿಕಟ್ಟು ಹಿಡಿದಳು.

"ನೆರಳಿಗೆ ಕಣೆ. ನೀರಲ್ಲ."

"ನೆರಳಿಗೇನಾ?" ಎಂದು ನನ್ನ ಮುಖವನ್ನು ಒಂದು ಗಳಿಗೆ ನೋಡಿದಳು. ಆಮೇಲೆ ಕೈ ಬಿಟ್ಟು, "ಸರಿ, ಹಾಕು. ನಾನು ಇಲ್ಲೇ ಇದ್ದೀನಿ" ಎಂದಳು.