ಮಗ್ಗದ ಕುಣಿಯೊಳಗಿನ ಕತ್ತರಿ

ಈ ಮುಂಜಾನೆ ಮಗ್ಗದ ಮೇಲೆಲ್ಲ ಹುಡುಕಿದರೂ ಕತ್ತರಿ ಸಿಗಲಿಲ್ಲ. ನೂಲನ್ನು ಕಂಡಿಕೆಗೆ ಸುತ್ತಲು ಬರುವ ಹುಡುಗಿ ಕಸ್ತೂರಿಯನ್ನು ‘ನೀ ಏನರ ತಗೊಂಡೀಯೇನ?’ ಎಂದು ಕೇಳಲು ಬಾಯಿ ತೆರೆದವನು ಅಷ್ಟಕ್ಕೇ ತಡೆದೆ. ಇದೇ ಮಾತನ್ನು ಹಿಂದೊಮ್ಮೆ ಒಬ್ಬನಿಗೆ ಕೇಳಿದ್ದೆ ನೋಡಿ.

ಆಗ ಆಲಮಟ್ಟಿ ಅಣೆಕಟ್ಟಿನ ಹಿನ್ನೀರು ಏರುತ್ತಿತ್ತು. ವಾರಕ್ಕೆರಡು ದಿನ ಬನಹಟ್ಟಿಯಿಂದ ಬಸ್ಸು ಹತ್ತಿ, ಸಂಸ್ಥಾನದ ಕಾಲದ ಹಳೆಯ ಸೆರೆಮನೆಯೊಂದರಲ್ಲಿ ನೇಕಾರಿಕೆ ಕಲಿಸಲು ಹೋಗುತ್ತಿದ್ದೆ. ನಡುವೆ ಬುರುಜು, ಸುತ್ತ ಕೋಣೆಗಳು. ಬುರುಜಿನ ಮೇಲಿನ ಒಬ್ಬನಿಗೆ ಎಲ್ಲರೂ ಕಾಣಬೇಕೆಂದು ಹಾಗೆ ಕಟ್ಟಿದ್ದರಂತೆ. ಕೈದಿಗಳಿಂದ ಬರೀ ಕಲ್ಲು ಒಡೆಸಬಾರದು, ಕಸುಬು ಕಲಿಸಿ ತಿದ್ದಬೇಕು ಎಂಬ ವಿಚಾರವೂ ಆ ಕಾಲದ್ದೇ. ಮಗ್ಗಗಳು ಬಂದದ್ದು ಹಾಗೆ. ನನ್ನನ್ನು ಅಲ್ಲಿ ‘ಮಾಸ್ತರ’ ಎನ್ನುತ್ತಿದ್ದರು. ಮನೆಯಲ್ಲಿ ಯಾರೂ ಅನ್ನುತ್ತಿರಲಿಲ್ಲ.

ಒಂದು ಸಂಜೆ ಸಾಮಾನು ಎಣಿಸುವಾಗ ಕತ್ತರಿ ಇಲ್ಲ. ಮಗ್ಗದಲ್ಲಿ ಕೊನೆಗೆ ಕೂತವನು ಮುಳುಗಲಿದ್ದ ಅನಗವಾಡಿಯ ಕೈದಿ ಯಮನಪ್ಪ. ಮರುದಿನ ಮುಂಜಾನೆ ಅವನ ಬಿಡುಗಡೆ. ನೀರು ಬರುವುದರೊಳಗೆ ಮನೆಯ ಸಾಗವಾನಿ ಬಾಗಿಲು, ಚೌಕಟ್ಟು ಕಿತ್ತು ತರಬೇಕೆಂದು ವಾರದಿಂದ ಅದೇ ಮಾತು. ಕಾವಲಿನವರ ಎದುರು ಅವನಿಗೆ ಆ ಮಾತು ಕೇಳಿದವನು ನಾನೇ. ಅವನು ಕೈಕಟ್ಟಿ ನಿಂತ. ಹಾಸಿಗೆ ಕೊಡವಿದರು, ಅಂಗಿ ಬಿಚ್ಚಿಸಿದರು, ಬಿಡುಗಡೆ ತಡೆದರು.

ಮರುದಿನ ಮನೆಯಲ್ಲಿ ಮಗ್ಗಕ್ಕೆ ಕೂತು ಎಳೆ ಕತ್ತರಿಸಬೇಕೆಂದೆ. ಕೈ ತಾನಾಗಿ, ಕಾಲು ಇಳಿಬಿಟ್ಟು ಕೂರುವ ಕುಣಿಯ ಗೋಡೆಯ ಗೂಡಿಗೆ ಹೋಯಿತು. ನಮ್ಮಲ್ಲಿ ಕತ್ತರಿ, ಸುಣ್ಣದ ಡಬ್ಬಿ ಎಲ್ಲ ಮೊಣಕಾಲ ಬಳಿಯ ಆ ಗೂಡಿನಲ್ಲೇ. ಸೆರೆಮನೆಯ ಕುಣಿಗೂ ಚಟಕ್ಕೆ ಬಿದ್ದು ಒಂದು ಗೂಡು ಕೊರೆಸಿದ್ದೆ. ಬುರುಜಿನಿಂದ ಕಾಣದ ಜಾಗ ಅದೊಂದೇ. ಕತ್ತರಿಯನ್ನು ನಾನೇ ಅಲ್ಲಿಟ್ಟಿರಬೇಕೆಂದು ಹೊಳೆದು ಬಸ್ಸಿಗೆ ಓಡಿದೆ. ಬಸ್ಸು ಎಲ್ಲ ಕಡೆ ನಿಂತು ನಿಂತು ಹೋಯಿತು, ನಾನು ಚಾಲಕನನ್ನು ಮನಸಿನಲ್ಲೇ ಬೈದೆ, ಬೈಸಿಕೊಳ್ಳಬೇಕಾದವನು ನಾನಾಗಿದ್ದೆ.

ಕತ್ತರಿ ಸೆರೆಮನೆಯ ಗೂಡಿನಲ್ಲೇ ಇತ್ತು. ತಪ್ಪೊಪ್ಪಿಕೊಂಡೆ. ಸಂಜೆಗೆ ಅವನನ್ನು ಬಿಟ್ಟರು. ಸೆರೆಮನೆಯ ಹೊರಬಾಗಿಲಿನವರೆಗೆ ಜೊತೆಗೆ ಹೋದೆ.

‘ಗೂಡಿನ್ಯಾಗ ಐತಂತ ನನಗ ಗೊತ್ತಿತ್ರಿ ಮಾಸ್ತರ.’

‘ಮತ್ತ ಯಾಕ ಹೇಳಲಿಲ್ಲೋ?’

‘ನಾ ತೋರಿಸಿದ್ರ, ನಾನ ಮುಚ್ಚಿಟ್ಟಾವ ಆಕ್ಕಿದ್ದೆನ್ರಿ.’

ಅವನು ಊರು ಮುಟ್ಟುವಷ್ಟರಲ್ಲಿ ನೀರು ಹೊಸ್ತಿಲು ದಾಟಿತ್ತಂತೆ. ಬಾಗಿಲು ಸಿಗಲಿಲ್ಲ. ಆ ಒಂದು ದಿನ ಇಂದಿಗೂ ನನ್ನನ್ನು ಬಿಟ್ಟಿಲ್ಲ.

ಕಸ್ತೂರಿ ಇನ್ನೂ ನಿಂತೇ ಇದ್ದಾಳೆ. ಕಣ್ಣು ನನ್ನ ಕುಣಿಯ ಕಡೆ. ಕೇಳಬೇಕೆಂದಿದ್ದನ್ನು ನುಂಗಿಕೊಂಡೆ.

‘ನನ್ನ ಮರವಿಗೆ ಬೆಂಕಿ ಹತ್ತಲಿ. ಕತ್ತರಿ ನಾ ಎಲ್ಲಿಟ್ಟೇನಿ ಹೇಳವಾ.’

‘ಗೂಡಿನ್ಯಾಗ ಐತ್ರಿ,’ ಎಂದಳು, ಎರಡು ಹೆಜ್ಜೆ ಹಿಂದೆ ಸರಿದು.