ಹೇರ್‌ಪಿನ್ ನುಂಗುವ ಅತ್ತಿಗೆ

ಅತ್ತಿಗೆ ಮನೆಯ ಮುಂದಿನ ಕೋಣೆಯಲ್ಲೇ ಊರವರ ಬಟ್ಟೆ ಹೊಲಿಯುತ್ತಿದ್ದಳು. ಕಣ್ಣು ಸೋತಾಗ ಹಿತ್ತಲಿಗೆ ಹೋಗಿ ಸೇಜ್ ಎಂಬ ಘಮದ ಗಿಡದ ಒಂದೆಲೆ ಕಿತ್ತು, ಬೆರಳಲ್ಲಿ ಹೊಸಕಿ ಮೂಸುವಳು. ಬೂದು ಹಸಿರಿನ, ಮಖಮಲ್ಲಿನಂಥ ಎಲೆ.

"ಯಾವ ಅಂಗಡೀಲೂ ಇಂಥ ಪೀಸು ಸಿಗಲ್ಲ ಕಣೆ" ಎಂದು ನಾದಿನಿಗೆ ತೋರಿಸುವಳು. ಒಳಗೆ ಬರುವಾಗ ಕೂದಲು ಬಿಚ್ಚಿ ಹೆಗಲ ಮೇಲೆ ಬಿದ್ದಿರುತ್ತಿತ್ತು. ಎಷ್ಟು ಹೇರ್‌ಪಿನ್ ತಂದರೂ ಆ ಮನೆಯಲ್ಲಿ ಉಳಿಯುತ್ತಿರಲಿಲ್ಲ.

"ನಿಮ್ಮತ್ತಿಗೆ ಪಿನ್ ನುಂಗ್ತಾಳೆ" ಎನ್ನುವನು ಅಣ್ಣ.

"ಹೂಂ, ನಿಮ್ಮ ಮಾತಿಗಿಂತ ಅದೇ ಬೇಗ ಅರಗುತ್ತೆ."

ಅವಳು ತೀರಿಕೊಂಡ ಮೇಲೆ ಹೊಲಿಗೆ ಯಂತ್ರಕ್ಕೆ ಮುಸುಕು ಬಿತ್ತು. ಅವಳ ಕೈಯದೆಂದು ಜೀವಂತ ಉಳಿದದ್ದು ಆ ಗಿಡ ಒಂದೇ. ಅದೂ ಹೋದರೆ? ನಾದಿನಿ ಬೆಳಿಗ್ಗೆ ಒಂದು ಚೊಂಬು, ಸಂಜೆ ಒಂದು ಚೊಂಬು ನೀರು ಹಾಕಿದಳು. ಎಲೆ ಹಳದಿಗೆ ತಿರುಗಿತು. ಬಾಯಾರಿಕೆಯಿರಬೇಕು ಎಂದು ಕೊಡವನ್ನೇ ಬಗ್ಗಿಸಿದಳು. ಗಿಡ ತಲೆ ಜೋಲು ಹಾಕಿತು.

ಪಕ್ಕದ ಮನೆಯ ಪೇಂಟರ್ ಗೋಡೆಯಾಚೆಯಿಂದ ಇಣುಕಿ ನೋಡಿದ. "ಏನಮ್ಮಾ, ಗಿಡ ಬೆಳೆಸ್ತಿದೀರೋ, ಈಜು ಕಲಿಸ್ತಿದೀರೋ? ಮಣ್ಣು ಒಣಗೋ ತನಕ ನಿಮ್ಮತ್ತಿಗೆ ಇದಕ್ಕೆ ಹನಿ ನೀರೂ ಹಾಕ್ತಿರಲಿಲ್ಲ."

ಅವಳಿಗೆ ನಗು ಬರಲಿಲ್ಲ. ನೀರು ನಿಲ್ಲಿಸಿ ಕಾದಳು. ಆದರೆ ಕಾಲ ಮಿಂಚಿತ್ತು. ಬುಡ ಕೆದಕಿ ನೋಡಿದರೆ ಬೇರು ಕೊಳೆತು ಕಪ್ಪಾಗಿತ್ತು. ಅಣ್ಣನ ಮುಖ ನೋಡುವ ಧೈರ್ಯವಿಲ್ಲದೆ ಒಬ್ಬಳೇ ಕಿತ್ತಳು. ಬುಡವೇನೋ ಸಲೀಸಾಗಿ ಎದ್ದಿತು, ಬದಿಯ ಒಂದು ಕೊಂಬೆ ಮಾತ್ರ ಜಪ್ಪಯ್ಯ ಅಂದರೂ ಬರಲೊಲ್ಲದು.

ಇಟ್ಟಿಗೆ ಅಂಚಿನ ಬಳಿ, ಜಲ್ಲಿ ಬೆರೆತು ನೀರು ನಿಲ್ಲದ ಎತ್ತರದ ಮಣ್ಣಿನಲ್ಲಿ ಅದರ ನಡು ಹೂತಿತ್ತು. ಉದುರಿದ ಎಲೆಗಳನ್ನು ಸರಿಸಿದರೆ ತುದಿ ಹಸಿರಾಗಿತ್ತು. ಕೆದಕಿದಾಗ ಬೆರಳಿಗೆ ಏನೋ ಚುಚ್ಚಿತು. ತುಕ್ಕು ಹಿಡಿದ ಹೇರ್‌ಪಿನ್! ಹೊಲಿಗೆಗೆ ಮುಂಚೆ ಬಟ್ಟೆಗೆ ಗುಂಡುಸೂಜಿ ಚುಚ್ಚಿದ ಹಾಗೆ ಕೊಂಬೆಯನ್ನು ನೆಲಕ್ಕೆ ಹಿಡಿದಿತ್ತು. ಅದರಡಿ ಬಿಳಿಬಿಳಿ ಹೊಸ ಬೇರು. ಪಕ್ಕದಲ್ಲಿ ಇನ್ನೊಂದು ಕೊಂಬೆ, ಇನ್ನೊಂದು ಪಿನ್.

"ಅಣ್ಣಾ, ಪಿನ್ನೆಲ್ಲ ಸಿಕ್ತು, ಬಾರೋ!"

ಅಣ್ಣ ಬಂದು ಕುಕ್ಕರಗಾಲಲ್ಲಿ ಕೂತ. ಬೇರನ್ನು ನೋಡುತ್ತಲೇ ಇದ್ದ. "ನುಂಗಿರಲಿಲ್ಲ ಹಾಗಾದ್ರೆ" ಎಂದ. ಆಮೇಲೆ ಒಳಗೆ ಹೋಗಿ, ಕೊಳೆತ ಬುಡದಿಂದ ಕೊಂಬೆ ಬಿಡಿಸಲು ಅವಳ ದೊಡ್ಡ ಕತ್ತರಿ ತಂದ.

"ಅಯ್ಯೋ, ಆ ಕತ್ತರೀಲಾ? ಬಟ್ಟೆ ಬಿಟ್ಟು ಬೇರೇನಾದ್ರೂ ಕತ್ತರಿಸಿದ್ರೆ ಅತ್ತಿಗೆ ಸುಮ್ನೆ ಬಿಡ್ತಾಳಾ?"

"ಬೈಯಲಿ ಬಿಡೆ" ಎಂದ ಅಣ್ಣ. ಎಷ್ಟೋ ದಿನಗಳ ಮೇಲೆ ಇಬ್ಬರೂ ನಕ್ಕರು.